ಕಾಸರವಳ್ಳಿ ಡಿವಿಡಿ ಸೆಟ್: ಸಿನಿಮಾಕ್ಕೆ ಪೂರ್ತಿ ಅಂಕ, ಡಿಸ್ಕ್‌ಗೆ ಅರ್ಧ

ಗಿರೀಶ್ ಕಾಸರವಳ್ಳಿಯವರ ಮೂರು ಸಿನಿಮಾ ಇರುವ ಡಿವಿಡಿ ಸೆಟ್ ತರಿಸಿದೆ: ಘಟಶ್ರಾದ್ಧ, ತಬರನ ಕಥೆ, ದ್ವೀಪ. ಮೂರಕ್ಕೂ ಸ್ವರ್ಣಕಮಲ, ಅಂದರೆ ದೇಶದ ಅತ್ಯುತ್ತಮ ಚಿತ್ರಕ್ಕೆ ಕೊಡುವ ರಾಷ್ಟ್ರಪ್ರಶಸ್ತಿ, ಬಂದಿದೆ. ತಾಯಿ ಸಾಹೇಬ ಸೇರಿಸಿದರೆ ಅವರಿಗೆ ನಾಲ್ಕು.

ಮೊದಲು ದೂರು. ಡಿಸ್ಕ್ ಮಾಡಿದವರು ಸ್ವಲ್ಪವೂ ಮನಸ್ಸಿಟ್ಟಿಲ್ಲ. ದ್ವೀಪದಲ್ಲಿ ಮಳೆಯೇ ಒಂದು ಪಾತ್ರ ಅಲ್ವಾ, ಇಲ್ಲಿ ಅದು ಬರೀ ಬೂದು ಬಣ್ಣ. ಮಾತು ಕೇಳಬೇಕಂದ್ರೆ ಸೌಂಡ್ ಜಾಸ್ತಿ ಮಾಡಲೇಬೇಕು.

ಆದರೂ ತಬರನ ಕಥೆ ಶುರುವಾದ ಮೇಲೆ ಇದೆಲ್ಲ ಮರೆತೇಹೋಯಿತು. ಚಾರುಹಾಸನ್ ಆಡಿದ ತಬರ ಪಿಂಚಣಿಗಾಗಿ ಕಚೇರಿಯಿಂದ ಕಚೇರಿಗೆ ಅಲೆಯುತ್ತಾನೆ, ಅಷ್ಟರಲ್ಲಿ ಹೆಂಡತಿಯ ಕಾಲು ಸಕ್ಕರೆ ಕಾಯಿಲೆಯಿಂದ ಕೊಳೆಯುತ್ತಾ ಬರುತ್ತದೆ, ಕೊನೆಗೆ ಕೈಯಲ್ಲಿ ಕಾಸಿಲ್ಲದೆ ಅವನು ಕಟುಕನ ಹತ್ತಿರ ಹೋಗಿ ಕಾಲು ಕತ್ತರಿಸಿಕೊಡು ಅಂತ ಕೇಳುತ್ತಾನೆ. ಆ ದೃಶ್ಯ ನೋಡಿ ನನಗೆ ಊಟ ಸೇರಲಿಲ್ಲ. ಯಾರೂ ಖಳನಾಯಕರಿಲ್ಲ, ಕಡತ ಮಾತ್ರ ಮುಂದೆ ಹೋಗುವುದಿಲ್ಲ, ಅಷ್ಟೇ.

ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ 1950ರಲ್ಲಿ ಹುಟ್ಟಿದ ಕಾಸರವಳ್ಳಿಯವರು ಫಾರ್ಮಸಿ ಓದಿ, ಅದನ್ನು ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ಗೆ ಸೇರಿದರು. 1977ರ ಘಟಶ್ರಾದ್ಧ ಅವರ ಮೊದಲ ಪೂರ್ಣ ಸಿನಿಮಾ! ಗರ್ಭಿಣಿಯಾದಳೆಂದು ತಲೆ ಬೋಳಿಸಿ ಹೊರಗೆ ಹಾಕಿದ ವಿಧವೆ ಯಮುನಾಳನ್ನು ಪುಟ್ಟ ಹುಡುಗನ ಕಣ್ಣಿಂದ ತೋರಿಸುವ ಧೈರ್ಯ ಆ ವಯಸ್ಸಿಗೆ ಹೇಗೆ ಬಂತೋ. ಆಮೇಲೂ ಅಷ್ಟೇ, ದ್ವೀಪದಲ್ಲಿ ಅಣೆಕಟ್ಟಿನ ನೀರಿಗೆ ಮುಳುಗುವ ಮನೆಯವರ ಜೊತೆಗೇ ನಿಂತರು.

ಬೇರೆ ಕಡೆ ಸಿಗದಿದ್ದರೆ ಈ ಸೆಟ್ ತಗೊಳ್ಳಿ. ಘಟಶ್ರಾದ್ಧದ ಹೊಸದಾಗಿ ಸರಿಪಡಿಸಿದ ಪ್ರತಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನವಾಗಿದೆ. ಅದು ನಿಮ್ಮೂರಿನ ಪರದೆಗೆ ಬಂದರೆ ಮಾತ್ರ ತಪ್ಪಿಸಿಕೊಳ್ಳಬೇಡಿ.