ಮನೇಲಿ ಟ್ರೀ ಫರ್ನ್ ಇದ್ಯಾ? ತೆಂಗಿನಮರ ಕ್ಲೀನ್ ಮಾಡುವವರ ಕೈಗೆ ಕೊಡಬೇಡಿ

ಮೈಸೂರಲ್ಲಿ ಬೇಸಿಗೆ ಶುರುವಾಯಿತು ಅಂದರೆ ಮಚ್ಚು, ಹಗ್ಗ ಹಿಡಿದು "ತೆಂಗಿನಮರ ಕ್ಲೀನ್ ಮಾಡಿಸ್ತೀರಾ" ಅಂತ ಬೀದಿ ಬೀದಿ ಬರುತ್ತಾರಲ್ಲ, ಅಂಥವರಲ್ಲಿ ಒಬ್ಬ ನಮ್ಮ ಟ್ರೀ ಫರ್ನ್ (ಮರದ ಹಾಗೆ ಕಾಂಡ ಬೆಳೆಸುವ ಜರಿಗಿಡ) ಕಥೆ ಮುಗಿಸಿದ.

ಸರಸ್ವತಿಪುರಂನ ನಮ್ಮ ಮನೆ ಹಿತ್ತಲಲ್ಲಿ, ಸಂಪಿಗೆ ಮರದ ನೆರಳಲ್ಲಿ, ಆಳೆತ್ತರಕ್ಕೆ ಬೆಳೆದಿತ್ತು. ಅಪ್ಪ ನೆಟ್ಟ ಗಿಡ. ನಾನು ಕೆಲಸಕ್ಕೆ ಹೋಗಿದ್ದೆ. ಅಮ್ಮ ಸರಿಯಾಗಿಯೇ ಹೇಳಿದ್ದರು: "ಒಣಗಿರೋ ಗರಿ ಮಾತ್ರ ತೆಗಿಯಪ್ಪಾ, ಮೇಲೆ ಮುಟ್ಟಬೇಡ." ಆತ, "ನಂಗೆ ಬಿಡಿ ಅಮ್ಮಾ, ತಲೆ ಹೊಡೆದ್ರೆ ಪಕ್ಕದಲ್ಲಿ ಕವಲು ಒಡೆಯುತ್ತೆ" ಅಂದನಂತೆ. ಅಮ್ಮ ಅವನಿಗೆ ಕಾಫಿ ಮಾಡಿ ತರುವಷ್ಟರಲ್ಲಿ ಎಲ್ಲಾ ಮುಗಿದಿತ್ತು.

ಸಂಜೆ ಬಂದು ನೋಡಿದರೆ ಕಾಂಪೌಂಡ್ ಮೂಲೆಯಲ್ಲಿ ಹಸಿರು ಗರಿಗಳ ರಾಶಿ. ಅದರ ನಡುವೆ ಇನ್ನೂ ಬಿಚ್ಚಿಕೊಳ್ಳದ ಚಿಗುರುಗಳು, ಸುರುಳಿ ಸುತ್ತಿಕೊಂಡು, ಮೈ ತುಂಬ ಕಂದು ಹೊಟ್ಟು ಹೊದ್ದುಕೊಂಡು ಬಿದ್ದಿದ್ದವು. ಕಡಿದ ಜಾಗದಲ್ಲಿ ನಡುವೆ ಮೆತ್ತನೆಯ ಬಿಳಿ ತಿರುಳು, ಸುತ್ತ ಅಂಕುಡೊಂಕಾದ ಕಪ್ಪು ಗೆರೆ. ಅಷ್ಟು ಸಾಲದು ಅಂತ ಕಾಂಡದ ಮೇಲಿನ ನಾರನ್ನೂ ಕೆರೆದು ನೀಟ್ ಮಾಡಿದ್ದ! ಇದಕ್ಕೆ 800 ರೂಪಾಯಿ ಕೂಲಿ.

ಟ್ರೀ ಫರ್ನ್ ದಾಸವಾಳ ಅಲ್ಲ, ಗುಲಾಬಿ ಅಲ್ಲ. ಅದಕ್ಕೆ ಬೆಳೆಯುವ ಜಾಗ ಇರುವುದು ತುದಿಯಲ್ಲಿ ಮಾತ್ರ. ನಮ್ಮ ತೋಟದಲ್ಲಿ ಸಾಮಾನ್ಯವಾಗಿ ಸಿಗುವ ಜಾತಿಗಳು ತುದಿ ಹೋದರೆ ಪಕ್ಕದಲ್ಲಿ ಚಿಗುರುವುದಿಲ್ಲ, ತೆಂಗಿನ ಸುಳಿ ಹೋದ ಹಾಗೇ. ದಿನಾ ತೆಂಗಿನಮರ ಹತ್ತುವ ಮನುಷ್ಯ, ತೆಂಗಿನ ಸುಳಿಗೆ ಕೈ ಹಾಕದವನು, ಇದರ ಸುಳಿ ಕಡಿದನಲ್ಲ, ಅದೇ ನನಗೆ ಜಾಸ್ತಿ ಸಿಟ್ಟು. ಇನ್ನು ಆ ನಾರು ಕಸ ಅಲ್ಲ, ಬೇರು. ಕಾಂಡಕ್ಕೆ ನೀರು ಹೀರಿಕೊಡುವುದು, ಬುಡವನ್ನು ಗಟ್ಟಿಯಾಗಿ ನಿಲ್ಲಿಸುವುದು ಅದೇ. ಆದ್ದರಿಂದಲೇ ಬೇಸಿಗೆಯಲ್ಲಿ ಬುಡಕ್ಕಷ್ಟೇ ಅಲ್ಲ, ಕಾಂಡಕ್ಕೂ ನೀರು ಹಾಕಬೇಕು.

ಫೋನ್ ಮಾಡಿದಾಗ "ಮಳೆ ಬಿದ್ರೆ ಬರುತ್ತೆ ಸಾರ್" ಅಂದ. ಮಳೆ ಬಿತ್ತು. ತಿರುಳು ಕೊಳೆತು ನಾತ ಬಂತು, ಅಷ್ಟೇ. ಆಮೇಲೆ ಅವನು ಫೋನ್ ಎತ್ತಲೇ ಇಲ್ಲ.

ರಾಶಿ ಎತ್ತಿ ಹಾಕುವಾಗ ಇನ್ನೊಂದು ತೊಂದರೆ. ಆ ಕಂದು ಹೊಟ್ಟು ಉದುರಿ ಕುತ್ತಿಗೆ, ಕೈಯೆಲ್ಲಾ ತುರಿಕೆ, ಕಣ್ಣು ಕೆಂಪು. ಪುಣ್ಯಕ್ಕೆ ಅಮ್ಮ ಮುಟ್ಟಿರಲಿಲ್ಲ. ಗರಿ ತೆಗೆಯುವ ಮೊದಲು ಪೈಪಿನಲ್ಲಿ ನೀರು ಚಿಮುಕಿಸಿ ನೆನೆಸಿ. ತುಂಬು ತೋಳಿನ ಅಂಗಿ, ಮಾಸ್ಕ್, ಕನ್ನಡಕ ಇಲ್ಲದೆ ಹತ್ತಿರ ಹೋಗಬೇಡಿ.

ತೆಗೆಯುವುದಾದರೂ ಏನು? ಪೂರ್ತಿ ಕಂದಾಗಿ ಜೋತುಬಿದ್ದ ಗರಿ ಮಾತ್ರ. ಅದನ್ನೂ ಕಾಂಡಕ್ಕೆ ತಾಗಿಸಿ ಕತ್ತರಿಸದೆ ಒಂದು ಗೇಣು ಬಿಡಿ. ಅರ್ಧ ಹಸಿರಿದ್ದರೆ ಇರಲಿ, ಗಿಡಕ್ಕೆ ಊಟ ಅದರಿಂದಲೇ. ಮಾರ್ಚಿಂದ ಮೇ ತನಕವಂತೂ ಒಣಗಿದ್ದನ್ನೂ ಸುಮ್ನೆ ಬಿಡುವುದು ವಾಸಿ. ನಮ್ಮೂರಿನ ಒಣ ಬಿಸಿಲಿಗೆ ಕಾಂಡಕ್ಕೆ ಅಷ್ಟಾದರೂ ನೆರಳಾಗುತ್ತದೆ. ಇದು ತೊರೆ ಪಕ್ಕದ ತಂಪಲ್ಲಿ ಬೆಳೆಯುವ ಗಿಡ, ಅಲ್ವಾ?

ಯಾರಾದರೂ ಈಗಾಗಲೇ ಗರಿಯೆಲ್ಲಾ ಬೋಳಿಸಿ ಹೋಗಿದ್ದರೆ ತಕ್ಷಣ ಕಿತ್ತು ಹಾಕಬೇಡಿ. ಸುಳಿಯ ನಡುವೆ ಮೆಲ್ಲಗೆ ಬೆರಳಿಟ್ಟು ನೋಡಿ. ಸುರುಳಿ ಗಟ್ಟಿಯಾಗಿ ಕೈಗೆ ಸಿಕ್ಕರೆ ಜೀವ ಇದೆ. ನೆರಳು ಕಟ್ಟಿ, ಕಾಂಡ ನೆನೆಸುತ್ತಾ ಕಾಯಿರಿ. ಸುಳಿಯೇ ಹೋಗಿದ್ದರೆ "ಕಡಿದ ಜಾಗಕ್ಕೆ ಔಷಧಿ ಬಳಿದ್ರೆ ಚಿಗುರುತ್ತೆ" ಅಂತ ಇನ್ನೊಬ್ಬ ಬರುತ್ತಾನೆ. ನಮ್ಮಲ್ಲಿಗೂ ಬಂದಿದ್ದ, 600 ಕೇಳಿದ. ಅಮ್ಮ ಗೇಟಲ್ಲೇ ಮಾತಾಡಿಸಿ ಕಳಿಸಿದರು, ಈ ಸಲ ಕಾಫಿ ಇಲ್ಲ.