ಒಂದೇ ಗೀತೆ, ನಾಲ್ಕು ಅಂಕಿಬರಹ: ಬರೆದು, ನುಡಿಸಿ ನೋಡಿದ ಹೋಲಿಕೆ

ಹೋಲಿಕೆಗೆ ಇಟ್ಟುಕೊಂಡದ್ದು ಮಲಹರಿಯ ಪಿಳ್ಳಾರಿ ಗೀತೆ ‘ಶ್ರೀ ಗಣನಾಥ’ದ ಮೊದಲ ನಾಲ್ಕು ಆವರ್ತ. ಕರ್ನಾಟಕ ಸಂಗೀತದ ಪಾಠಕ್ಕೆ ಕೂತವರಿಗೆಲ್ಲ ಅದು ಬಾಯಿಪಾಠ. ಹಾಗಾಗಿ ಎಲ್ಲಾದರೂ ಎಡವಿದರೆ ದೋಷ ಬರಹದ್ದು, ರಾಗದ್ದಲ್ಲ ಅಂತ ಕೂಡಲೇ ಗೊತ್ತಾಗುತ್ತದೆ. ತಾಳ ರೂಪಕ, ಅಂದರೆ ದ್ರುತ 2 ಅಕ್ಷರ, ಲಘು 4 ಅಕ್ಷರ. ಅಕ್ಷರಕ್ಕೊಂದರಂತೆ ಒಟ್ಟು 24 ಸ್ವರ. ನಮ್ಮ ಪುಸ್ತಕಗಳಲ್ಲಿ ಇರುವುದು ಹೀಗೆ (ತಾರ, ಅಂದರೆ ಮೇಲಿನ ಸ್ಥಾಯಿಯ ಮೇಲ್ಚುಕ್ಕೆಯ ಬದಲು ಇಲ್ಲಿ ' ಹಾಕಿದ್ದೇವೆ):

ಮ ಪ | ದ ಸ' ಸ' ರಿ' ||
ರಿ' ಸ' | ದ ಪ ಮ ಪ ||
ರಿ ಮ | ಪ ದ ಮ ಪ ||
ದ ಪ | ಮ ಗ ರಿ ಸ ||

ಜಿಯಾನ್‌ಪು

ಚೀನಾದಲ್ಲಿ ಶಾಲಾ ಹಾಡಿನಿಂದ ಹಿಡಿದು ಅರ್ಹು ಎಂಬ ಎರಡು ತಂತಿಯ ಪಿಟೀಲಿನ ಪಾಠದವರೆಗೆ ಎಲ್ಲೆಲ್ಲೂ ಓಡುವ ಅಂಕಿಬರಹ ಇದು. ಹುಟ್ಟಿದ್ದು ಮಾತ್ರ ಅಲ್ಲಲ್ಲ. 1742ರಲ್ಲಿ ತತ್ವಜ್ಞಾನಿ ರೂಸೋ ಪ್ಯಾರಿಸ್ಸಿನ ವಿಜ್ಞಾನ ಅಕಾಡೆಮಿಯ ಮುಂದೆ ಇಟ್ಟ ಯೋಜನೆಯನ್ನು ಮುಂದಿನ ಶತಮಾನದಲ್ಲಿ ಗಾಲಾಂ, ಪ್ಯಾರಿ, ಶೆವೆ ಎಂಬ ಮೂವರು ಪಾಠಕ್ಕೆ ಒಗ್ಗುವಂತೆ ತಿದ್ದಿದರು. ಅದು ಜಪಾನಿನ ದಾರಿಯಾಗಿ 20ನೇ ಶತಮಾನದ ಆರಂಭಕ್ಕೆ ಚೀನಾ ಸೇರಿತು.

ಕಲಿಯಬೇಕಾದ್ದು ಒಂದು ಪುಟಕ್ಕೂ ಕಡಿಮೆ. 1ರಿಂದ 7 ಸ್ವರ, 0 ಮೌನ. ಬರಿಯ ಅಂಕಿಗೆ ಒಂದು ಮಾತ್ರೆ. ಅಡಿಯಲ್ಲಿ ಒಂದು ಗೆರೆ ಎಳೆದರೆ ಅರ್ಧ, ಎರಡು ಎಳೆದರೆ ಕಾಲು. ಪಕ್ಕದ ಅಡ್ಡಗೆರೆ ಒಂದೊಂದಕ್ಕೂ ಒಂದು ಮಾತ್ರೆ ಹೆಚ್ಚು. ಬಲಗಡೆ ಚುಕ್ಕೆ ಇಟ್ಟರೆ ಒಂದೂವರೆಪಟ್ಟು. ತಲೆಯ ಮೇಲಿನ ಚುಕ್ಕೆ ತಾರ, ಕಾಲಡಿಯದು ಮಂದ್ರ. ಪುಟದ ತಲೆಯಲ್ಲಿ ‘1=ಸಿ’ ಎಂದಿದ್ದರೆ ನಮ್ಮ ಒಂದು ಮನೆ ಶ್ರುತಿ ಎಂದರ್ಥ. ಗೀತೆ ಹೀಗಾಗುತ್ತದೆ:

4 5 | ♭6 1' 1' ♭2' ||
♭2' 1' | ♭6 5 4 5 ||
♭2 4 | 5 ♭6 4 5 ||
♭6 5 | 4 3 ♭2 1 ||

ಇಲ್ಲಿ 24 ಸ್ವರಕ್ಕೆ 8 ಫ್ಲ್ಯಾಟ್ ಗುರುತು (♭ ಸ್ವರವನ್ನು ಕೀಬೋರ್ಡಿನ ಒಂದು ಮನೆ, ಅಂದರೆ ಒಂದು ಕೀಲಿ ಇಳಿಸುತ್ತದೆ, ♯ ಏರಿಸುತ್ತದೆ). ಜಿಯಾನ್‌ಪುವಿನ 1ರಿಂದ 7 ಅಂದರೆ ನಮ್ಮ ಶಂಕರಾಭರಣದ ಏಳು ಸ್ವರ. ಆ ಏಳರೊಳಗೆ ನಿಲ್ಲದ ಯಾವ ಸ್ವರಕ್ಕೂ ಗುರುತಿನ ತೆರಿಗೆ ಕಟ್ಟಲೇಬೇಕು. ಮೋಹನವನ್ನು ಇದರಲ್ಲಿ ಬರೆದರೆ 1 2 3 5 6, ಒಂದು ಗುರುತೂ ಬೇಡ, ನೋಡಲೂ ಚೆಂದ. ಮಲಹರಿಯಂಥ ಮಾಯಾಮಾಳವಗೌಳದ ಮಕ್ಕಳಿಗೆ, ಅಂದರೆ ಜನ್ಯರಾಗಗಳಿಗೆ, ಆ ಭಾಗ್ಯವಿಲ್ಲ. ಆದರೆ ನಾಟ ರಾಗಕ್ಕೆ ಬಂದಾಗ ಜಿಯಾನ್‌ಪು ಗೆಲ್ಲುತ್ತದೆ. ಷಟ್‌ಶ್ರುತಿ ರಿಷಭವನ್ನು ♯2 ಎಂದು, ಸಾಧಾರಣ ಗಾಂಧಾರವನ್ನು ♭3 ಎಂದು ಬರೆಯಬಹುದು. ಕೀಬೋರ್ಡಿನಲ್ಲಿ ಎರಡೂ ಒಂದೇ ಕಪ್ಪು ಮನೆ, ಕಾಗದದ ಮೇಲೆ ಬೇರೆ ಬೇರೆ.

ಗುರುತು ತಪ್ಪಿಸಲು ತಲೆಯಲ್ಲಿ ‘2 ಮತ್ತು 6 ಎಲ್ಲೆಡೆ ಶುದ್ಧ’ ಎಂದು ಬರೆದು ಒಳಗೆ ಬರಿಯ ಅಂಕಿ ಹಾಕಿಯೂ ನೋಡಿದ್ದಾಯಿತು. ಓದಲು ಹಗುರ, ಅಪಾಯ ಎರಡು. ‘ಶುದ್ಧ’ ಎಂದರೆ ಕರ್ನಾಟಕ ಸಂಗೀತದವರಿಗೆ ತಗ್ಗಿನ ರಿ, ದ. ಹಿಂದೂಸ್ತಾನಿ ಕಲಿತವರಿಗೆ ಅದೇ ಮಾತು ಏರಿದ ರಿಷಭ, ಧೈವತ. ಧಾರವಾಡದ ಕಡೆಯವರ ಕೈಗೆ ಹೋಗುವ ಹಾಳೆಯಾದರೆ ‘ಕೋಮಲ’ ಎಂದೇ ಬರೆಯಿರಿ. ಎರಡನೆಯದು, ಮೊದಲ ಪುಟ ಕಳೆದರೆ ಮಲಹರಿ ಸದ್ದಿಲ್ಲದೆ ಶಂಕರಾಭರಣವಾಗುತ್ತದೆ. ಪ್ರತಿ ಪುಟದ ತಲೆಯಲ್ಲೂ ಸೂಚನೆ ಇರಲಿ.

ನುಡಿಸುವಾಗ ಮೊದಲು ಕೈ ಜಾರುವುದು ಮೊದಲ ಆವರ್ತದ ಮೂರನೆಯ ಸ್ವರ ದಾಟಿ ನಾಲ್ಕನೆಯದಕ್ಕೆ ಹೋಗುವಾಗ. ♭6 ಆದ ಮೇಲೆ 1'. ಸ್ವರ ಏರುತ್ತಿದೆ, ಅಂಕಿ ಮಾತ್ರ ಆರರಿಂದ ಒಂದಕ್ಕೆ ಬಿದ್ದಿದೆ. ಏರಿಕೆಯ ಭಾರವೆಲ್ಲ ಒಂದು ಸಣ್ಣ ಚುಕ್ಕೆಯ ಮೇಲೆ, ಕಣ್ಣು ಅದನ್ನು ದಾಟಿದರೆ ಬೆರಳು ಕೆಳಗಿನ ಷಡ್ಜಕ್ಕೆ ಇಳಿಯುತ್ತದೆ. ಸಂಗೀತಕಾರ ರಾಮೋ ರೂಸೋನ ಪದ್ಧತಿಗೆ ಎತ್ತಿದ ಆಕ್ಷೇಪವೂ ಇದೇ: ಸ್ಟಾಫ್ ನೊಟೇಶನ್ನಿನಲ್ಲಿ ಏರಿಳಿತ ಕಣ್ಣಿಗೇ ಕಾಣುತ್ತದೆ, ಅಂಕಿಯಲ್ಲಿ ಒಂದೊಂದನ್ನೂ ಮನಸ್ಸಿನಲ್ಲಿ ಬಿಡಿಸಬೇಕು. ಆ ಆಕ್ಷೇಪಕ್ಕೆ ತನ್ನಲ್ಲಿ ಉತ್ತರವಿಲ್ಲವೆಂದು ರೂಸೋ ಒಪ್ಪಿಕೊಂಡ. ಇನ್ನೂರೆಂಬತ್ತು ವರ್ಷ ಕಳೆದರೂ ಚುಕ್ಕೆಯ ತೊಂದರೆ ಹಾಗೇ ಇದೆ.

ಕೈಬರಹದಲ್ಲಿ ಇದಕ್ಕೆ ಪರಿಹಾರ ಉಂಟು. ಗೆರೆ ಹಾಕಿದ ನೋಟ್‌ಬುಕ್ಕಿನಲ್ಲಿ ಒಂದು ಸಾಲು ಬಿಟ್ಟು ಒಂದು ಸಾಲು ಬರೆಯಿರಿ, ಇಲ್ಲದಿದ್ದರೆ ಮೇಲಿನ ಸಾಲಿನ ಮಂದ್ರ ಚುಕ್ಕೆ ಕೆಳಗಿನ ಸಾಲಿನ ತಾರ ಚುಕ್ಕೆಯಾಗಿ ಕಾಣುತ್ತದೆ. ಚುಕ್ಕೆಯನ್ನು ಕೆಂಪು ಶಾಯಿಯಲ್ಲಿ ಇಟ್ಟರೆ ಕಣ್ಣಿಗೆ ಬೀಳುತ್ತದೆ, ಆದರೆ ಕಪ್ಪು ಬಿಳುಪು ಝೆರಾಕ್ಸ್ ತೆಗೆದರೆ ಕೆಂಪು ಬೇರೆಯಾಗಿ ಕಾಣುವುದಿಲ್ಲ. ಕಪ್ಪಿನಲ್ಲಿ ದಪ್ಪಗೆ ಇಡುವುದೇ ಮೇಲು. ಅಡಿಗೆರೆಯೂ ಮಂದ್ರ ಚುಕ್ಕೆಯೂ ಒಟ್ಟಿಗೆ ಬಂದರೆ ಮೊದಲು ಗೆರೆ, ಅದರ ಕೆಳಗೆ ಚುಕ್ಕೆ. ಅಂಕಿಗಳನ್ನು ಅಡಿಗೆರೆಯಿಂದ ಕೂಡಿಸುವಾಗ ಗೆರೆಯನ್ನು ಮಾತ್ರೆ ಮುಗಿದಲ್ಲೇ ಮುರಿಯಬೇಕು. ನಾಲ್ಕು ಅರ್ಧಸ್ವರದ ಅಡಿಗೆ ಒಂದೇ ಉದ್ದ ಗೆರೆ ಎಳೆದಿರೋ, ಎರಡನೆಯ ತಟ್ಟು ಎಲ್ಲಿ ಬೀಳಬೇಕೆಂದು ತಾಳ ಹಾಕುವವನಿಗೆ ಹೊಳೆಯುವುದಿಲ್ಲ.

ನಮ್ಮ ಸ್ವರಲಿಪಿ, ಸ್ವರಸ್ಥಾನದ ಅಂಕಿಯೊಂದಿಗೆ

ಮೇಲಿನ ಸ ರಿ ಗ ಮ ಬರಹಕ್ಕೆ ಬೇಕೆಂದಾಗ ರಿ1, ಗ3, ಮ1, ದ1 ಎಂದು ಅಂಕಿ ತಗುಲಿಸುವ ರೂಢಿ ಇದೆ. ಇಲ್ಲಿ ಅಂಕಿ ಹೇಳುವುದು ಸ್ವರ ಎಷ್ಟನೆಯದು ಎಂದಲ್ಲ, ಆ ಸ್ವರದ ಎಷ್ಟನೆಯ ಬಗೆ ಎಂದು. ಜಿಯಾನ್‌ಪು ಕಲಿತವರು ಮೊದಲು ತಪ್ಪುವುದೇ ಇಲ್ಲಿ: ಅವರ 3 ನಮ್ಮ ಗ3 ಹೌದು, ಅವರ 4 ಮಾತ್ರ ನಮ್ಮ ಮ1, ಅವರ 6 ನಮ್ಮ ದ2. ರಾಗದ ಹೆಸರು ತಲೆಯಲ್ಲಿದ್ದರೆ ಒಳಗೆ ಈ ಅಂಕಿಗಳು ಬೇಕಾಗುವುದಿಲ್ಲ. ‘ಮಲಹರಿ’ ಎಂಬ ನಾಲ್ಕಕ್ಷರ ಆ ಎಂಟು ಫ್ಲ್ಯಾಟ್‌ಗಳ ಕೆಲಸವನ್ನೂ ಮಾಡಿ ಮುಗಿಸಿದೆ. ರಾಗ ಗೊತ್ತಿಲ್ಲದ ಕೀಬೋರ್ಡಿನವನಿಗೆ ಮಾತ್ರ ರಿ ಎಂದರೆ ಯಾವ ಮನೆ ಎಂದು ಹೊಳೆಯುವುದಿಲ್ಲ.

ಕಾಲಪ್ರಮಾಣದಲ್ಲಿ ಗೊಂದಲಕ್ಕೆ ಎಡೆ ಜಾಸ್ತಿ. ನಮ್ಮಲ್ಲಿ ಸಾ ಎಂದು ದೀರ್ಘ ಬಂದರೆ ಎರಡು ಅಕ್ಷರ, ಅಲ್ಪವಿರಾಮ ಒಂದು, ಅರ್ಧವಿರಾಮ ಎರಡು. ವೇಗ ಇಮ್ಮಡಿಯಾದರೆ ಗೆರೆ ಸ್ವರದ ಮೇಲೆ. ಜಿಯಾನ್‌ಪುವಿನಲ್ಲಿ ಅದೇ ಕೆಲಸದ ಗೆರೆ ಕೆಳಗೆ. ಹಿಂದೂಸ್ತಾನಿಯವರ ಭಾತಖಂಡೆ ಪದ್ಧತಿಯಲ್ಲಿ ಸ್ವರದ ಕೆಳಗಿನ ಗೆರೆ ಎಂದರೆ ಕೋಮಲ! ಹಿಂದೂಸ್ತಾನಿ ಅಭ್ಯಾಸದವರ ಮುಂದೆ ಜಿಯಾನ್‌ಪು ಹಾಳೆ ಇಟ್ಟರೆ ಅರ್ಧಮಾತ್ರೆಯ 2, 3, 6, 7 ಎಲ್ಲವೂ ಕೋಮಲವಾಗಿ ಹೊರಡುವುದು ಖಂಡಿತ. ಮೂರು ಪದ್ಧತಿಯವರು ಸೇರುವ ತಂಡವಾದರೆ ಗೆರೆಯ ಅರ್ಥವನ್ನು ಹಾಳೆಯ ಮೂಲೆಯಲ್ಲಿ ಬರೆಯದೆ ಹಂಚಬೇಡಿ.

ಹಾಡುವುದಕ್ಕೆ ಬಂದರೆ ಹೋಲಿಕೆಯೇ ಬೇಡ. ಸ, ರಿ, ಗ ಒಂದೊಂದು ಉಚ್ಚಾರ. ಒಂದು, ಎರಡು, ಮೂರು ಎಂದರೆ ಎರಡು, ಮೂರು, ಎರಡು. ಮೊದಲ ಕಾಲದಲ್ಲಿ ಹೇಗೋ ದಾಟಬಹುದು, ಎರಡನೆಯ ಕಾಲದಲ್ಲಿ ನಾಲಗೆ ‘ನಾಲ್ಕು’ ಎಂಬಲ್ಲಿ ಸಿಕ್ಕಿಬೀಳುತ್ತದೆ. ಚೀನಾದಲ್ಲೂ ಅಂಕಿ ನೋಡಿ ಹಾಡುವುದು ದೊ ರೆ ಮಿ ಎಂದೇ. ಜಾವಾದ ಗಾಮೆಲಾನ್ ವಾದ್ಯಮೇಳದವರು ಎಣಿಕೆಯ ಹೆಸರುಗಳನ್ನೇ ಕತ್ತರಿಸಿ ಜಿ, ರೊ, ಲು, ಪತ್, ಮ, ನೆಮ್, ಪಿ ಮಾಡಿಕೊಂಡಿದ್ದಾರೆ. ನಾವು ಅಂಕಿ ನೋಡಿ ಹಾಡಬೇಕಾದರೆ 1 ಕಂಡಲ್ಲಿ ಸ ಎನ್ನಬೇಕು, ಆಮೇಲೆ ಅಂಕಿಗೆ ಏನು ಕೆಲಸ?

ಅಂದ ಹಾಗೆ, ಜಾವಾದ ಬರಹವನ್ನು ಜಿಯಾನ್‌ಪು ಎಂದು ತಿಳಿದು ನುಡಿಸಲು ಹೊರಟರೆ ಎರಡು ಕಡೆ ಮುಗ್ಗರಿಸುತ್ತೀರಿ. ಸುರಕರ್ತಾದಲ್ಲಿ ರೂಪುಗೊಂಡ ಈ ಕೆಪತಿಹಾನ್ ಬರಹದಲ್ಲಿ ಅಂಕಿ ವಾದ್ಯದ ಕಂಚಿನ ಪಟ್ಟಿಯ ಹೆಸರಷ್ಟೇ, 1 ಎಂದರೆ ಷಡ್ಜವಲ್ಲ. ಅಲ್ಲಿನ ಐದು ಸ್ವರದ ಶ್ರೇಣಿ ಸ್ಲೆಂಡ್ರೋದಲ್ಲಿ 1 2 3 5 6 ಮಾತ್ರ, 4 ಇಲ್ಲವೇ ಇಲ್ಲ. ಇನ್ನು ನಾಲ್ಕು ಸ್ವರದ ಗುಂಪಿನಲ್ಲಿ ಒತ್ತು ಬೀಳುವುದು ಕೊನೆಯದರ ಮೇಲೆ. ನಮ್ಮ ಸಮದ ಅಭ್ಯಾಸದಿಂದ ಮೊದಲನೆಯದಕ್ಕೆ ಒತ್ತು ಕೊಟ್ಟರೆ ಗಾಂಗ್ ಬೀಳುವ ಜಾಗವೇ ತಪ್ಪಿಹೋಗುತ್ತದೆ. ವೇಗದ ಗೆರೆ ಮಾತ್ರ ಅಲ್ಲಿ ನಮ್ಮಂತೆಯೇ ಸ್ವರದ ಮೇಲೆ.

ಹನ್ನೆರಡು ಮನೆಯ ಎಣಿಕೆ

ಷಡ್ಜ 0, ಅಲ್ಲಿಂದ ಕಪ್ಪು ಬಿಳುಪು ಎನ್ನದೆ ಮನೆ ಮನೆ ಎಣಿಸಿಕೊಂಡು ಹೋಗುವುದು:

5 7 | 8 12 12 13 ||
13 12 | 8 7 5 7 ||
1 5 | 7 8 5 7 ||
8 7 | 5 4 1 0 ||

ಫ್ಲ್ಯಾಟ್ ಇಲ್ಲ, ಚುಕ್ಕೆ ಇಲ್ಲ, ಏರಿದ್ದು ಅಂಕಿಯಲ್ಲೂ ಏರಿದೆ. 8 ಆದ ಮೇಲೆ 12 ಬಂದರೆ ಯಾರೂ ಕೆಳಗಿಳಿಯುವುದಿಲ್ಲ. ಜಿಯಾನ್‌ಪು ಎಡವಿದ ಜಾಗದಲ್ಲಿ ಇದು ಸಲೀಸು. ಶ್ರುತಿ ಬದಲಿಸಲು ಕೂಡಿಸಿದರಾಯಿತು. ಕಂಪ್ಯೂಟರಿಗೆ ಕೊಡುವುದಾದರೆ 60 ಸೇರಿಸಿ (ಕಂಪ್ಯೂಟರ್ ಸಂಗೀತದ ಮಿಡಿ ಸಂಕೇತದಲ್ಲಿ ನಡುವಿನ ಸಿ ಎಂದರೆ 60): 65 67 68 72 72 73. ಎರಡು ಮನೆ ಶ್ರುತಿ ಬೇಕೆಂದರೆ ಎಲ್ಲಕ್ಕೂ ಇನ್ನೆರಡು.

ಆದರೆ ನಾಲ್ಕು ಸಾಲು ದಾಟುವಷ್ಟರಲ್ಲಿ ಕಣ್ಣು ಬಳಲುತ್ತದೆ. ಒಂದಂಕಿ, ಎರಡಂಕಿ ಬೆರೆತು ಸಾಲಿನ ಅಳತೆ ಕೆಡುತ್ತದೆ, ದ್ರುತ ಲಘುಗಳು ಒಂದರ ಕೆಳಗೊಂದು ಕೂರುವುದಿಲ್ಲ. ಜಾಗ ಬಿಡದೆ ಬರೆದರೆ 12 ಎಂಬುದು 1, 2 ಆಗುತ್ತದೆ. ಮಂದ್ರಕ್ಕೆ ಇಳಿದರೆ ಋಣಸಂಖ್ಯೆ. 3 ಎಂದರೆ ರಿ3 ಅಥವಾ ಗ2, ಯಾವುದೆಂದು ಹೇಳುವ ಉಪಾಯವಿಲ್ಲ, ಆದ್ದರಿಂದ ನಾಟ, ಚಲನಾಟಗಳಿಗೆ ಇದು ಬೇಡವೇ ಬೇಡ. ಮಧ್ಯಮ 5, ಪಂಚಮ 7 ಎಂಬುದೂ ಸ ರಿ ಗ ಮ ಎಣಿಸಿ ರೂಢಿಯಾದ ತಲೆಗೆ ಒಗ್ಗುವುದಿಲ್ಲ. ಇದು ಯಂತ್ರಕ್ಕೆ ಒಪ್ಪುವ ಬರಹ, ಮನುಷ್ಯರಿಗಲ್ಲ.

ವಾದ್ಯದ ಅಂಕಿ

ಮೌತ್ ಆರ್ಗನ್ನಿನ ರಂಧ್ರ, ಗಿಟಾರಿನ ಫ್ರೆಟ್. ಸ್ವರದ ಹೆಸರು ಗೊತ್ತಿಲ್ಲದವರೂ ಮೊದಲ ದಿನವೇ ನುಡಿಸಬಹುದು, ಅದೇ ಇದರ ಆಕರ್ಷಣೆ. ಹತ್ತು ರಂಧ್ರದ ಸಿ ಮೌತ್ ಆರ್ಗನ್ನಿಗೆ ಗೀತೆಯ ಕೊನೆಯ ಆವರ್ತ ಇದು. ಋಣಚಿಹ್ನೆ ಎಂದರೆ ಉಸಿರು ಒಳಗೆ ಎಳೆಯುವುದು, ' ಎಂದರೆ ಇಲ್ಲಿ ತಾರಸ್ಥಾಯಿ ಅಲ್ಲ, ಎಳೆದ ಸ್ವರವನ್ನು ಬಾಯಿಯಿಂದ ಬಗ್ಗಿಸಿ ಒಂದು ಮನೆ ಇಳಿಸುವುದು:

−6' 6 | −5 5 −4' 4 ||

ಈ ಅಂಕಿಗಳಲ್ಲಿ ಹಾಡಿನ ಸುಳಿವೇ ಇಲ್ಲ. ದ −6', ಪ 6, ಒಂದೇ ರಂಧ್ರ, ಎರಡು ಸ್ವರ. ಅದಕ್ಕಿಂತ ದೊಡ್ಡ ಕೊರತೆ, ಇಲ್ಲಿ ಅಡ್ಡಿಯಿಲ್ಲದೆ ಬರೆದದ್ದೆಲ್ಲ ನುಡಿಯುತ್ತದೆಂಬ ಖಾತ್ರಿಯಿಲ್ಲ. ಮೊದಲ ಆವರ್ತದ ತಾರ ರಿಷಭ ಈ ಸ್ಥಾಯಿಯಲ್ಲಿ ಊದಿದರೂ ಎಳೆದರೂ ಬಗ್ಗಿಸಿದರೂ ಸಿಗುವುದಿಲ್ಲ, 7ನೇ ರಂಧ್ರದಲ್ಲಿ ಓವರ್‌ಡ್ರಾ ಎಂಬ ಕಸರತ್ತು ಬೇಕು. ಷಡ್ಜವನ್ನು 1ನೇ ರಂಧ್ರಕ್ಕೆ ಇಳಿಸಿದರೆ ಆ ರಿಷಭ −4' ಎಂದು ಸುಲಭವಾಗಿ ಬರುತ್ತದೆ, ಆದರೆ ಮ −2'', ದ −3''' ಆಗುತ್ತವೆ. ಮೂರು ಮನೆ ಬಗ್ಗಿಸಿದ ದ ಶ್ರುತಿಗೆ ನಿಲ್ಲುವುದಕ್ಕೆ ತಿಂಗಳುಗಟ್ಟಲೆ ಸಾಧಕ ಬೇಕು. ಮಲಹರಿ ನುಡಿಸಬೇಕೆಂದರೆ ಗುಂಡಿ ಒತ್ತುವ ಕ್ರೊಮ್ಯಾಟಿಕ್ ತೆಗೆದುಕೊಳ್ಳಿ, ಅದರಲ್ಲಿ ದ, ರಿ ಎರಡಕ್ಕೂ ಊದಿ ಗುಂಡಿ ಒತ್ತಿದರೆ ಸಾಕು.

ಈ ಬರಹದಲ್ಲಿ ಕಾಲಪ್ರಮಾಣವೂ ಸಾಮಾನ್ಯವಾಗಿ ಇರುವುದಿಲ್ಲ. ಗೊತ್ತಿರುವ ಹಾಡಿಗೆ ನಡೆದೀತು, ಗೊತ್ತಿಲ್ಲದ್ದಕ್ಕೆ ಇಲ್ಲ.

ಕೀಬೋರ್ಡಿನವರಿಗೆ ಒಂದು ಎಚ್ಚರಿಕೆ: ಬೆರಳಿಗೂ 1ರಿಂದ 5 ಎಂದೇ ಅಂಕಿ, ಹೆಬ್ಬೆರಳು 1. ಜಿಯಾನ್‌ಪು ಹಾಳೆಯ ಮೇಲೆ ಬೆರಳಂಕಿ ಬರೆಯುವುದಾದರೆ ಸುತ್ತ ವೃತ್ತ ಹಾಕಿ.

ಯಾವುದನ್ನು ಎಲ್ಲಿಗೆ

ಹಾಡುವವರಿಗೆ, ವೀಣೆಗೆ, ಪಿಟೀಲಿಗೆ ನಮ್ಮ ಸ್ವರಲಿಪಿಯೇ ಸಾಕು. ಗಮಕ, ಅಂದರೆ ಸ್ವರದ ಓಲಾಟ, ಈ ನಾಲ್ಕರಲ್ಲಿ ಯಾವುದರಲ್ಲೂ ತಾನಾಗಿ ಬರುವುದಿಲ್ಲ, ಗುರುವಿನ ಬಾಯಿಂದಲೇ ಬರಬೇಕು, ಹಾಗಿರುವಾಗ ಅದಕ್ಕಾಗಿ ಹೊಸದು ಕಲಿಯುವುದು ದಂಡ. ರಾಗ ಗೊತ್ತಿಲ್ಲದ, ಕನ್ನಡ ಓದಲು ಬಾರದ ವಾದ್ಯಗಾರರಿಗೆ ಹಾಳೆ ಕೊಡಬೇಕಾದರೆ ಜಿಯಾನ್‌ಪು. ಕಾಲಪ್ರಮಾಣ ಅದರಲ್ಲಿ ಇರುವಷ್ಟು ಚೊಕ್ಕವಾಗಿ ಮಿಕ್ಕ ಎರಡು ಅಂಕಿಬರಹಗಳಲ್ಲಿ ಇಲ್ಲ. ವಾದ್ಯದ ಅಂಕಿಯನ್ನು ಕಷ್ಟದ ಒಂದೆರಡು ಜಾಗಕ್ಕೆ ಮಾತ್ರ, ಸ್ವರದ ಅಡಿಯಲ್ಲಿ ಸಣ್ಣದಾಗಿ ಬರೆದಿಟ್ಟರೆ ಉಪಯೋಗ.

ವಾಟ್ಸ್ಆ್ಯಪ್ಪಿನಲ್ಲಿ ಕಳಿಸುವುದಾದರೆ ಮೇಲೆ ಕೆಳಗೆ ಚುಕ್ಕೆ ಕೂರಿಸಲು ಹೋಗಬೇಡಿ. ಕನ್ನಡದ ರಿ, ನಿಗಳ ಗುಡಿಸಿನ ಮೇಲೆ ಚುಕ್ಕೆ ಒಂದು ಫೋನಿನಲ್ಲಿ ಸರಿ ಕಂಡರೆ ಇನ್ನೊಂದರಲ್ಲಿ ಪಕ್ಕಕ್ಕೆ ಜಾರುತ್ತದೆ. ಕನ್ನಡ ಅಂಕಿಯೂ ಬೇಡ, ಮೌನದ ಸೊನ್ನೆ ಅನುಸ್ವಾರದಂತೆ ಕಾಣುತ್ತದೆ. ತಾರಕ್ಕೆ ಅಂಕಿಯ ನಂತರ ', ಮಂದ್ರಕ್ಕೆ ಅಂಕಿಯ ಮುಂಚೆ ಪೂರ್ಣವಿರಾಮ, ಅರ್ಧಮಾತ್ರೆಯ ಜೋಡಿಗೆ ಆವರಣ: (4 5) (♭6 1'). ಅಲ್ಪವಿರಾಮವನ್ನು ಮಂದ್ರಕ್ಕೆ ಬಳಸಬೇಡಿ, ನಮ್ಮವರು ಅದನ್ನು ಒಂದು ಅಕ್ಷರದ ಕಾರ್ವೆ (ಸ್ವರದ ಎಳೆತ) ಎಂದೇ ಓದುತ್ತಾರೆ.