ಹೆಡ್‌ಸೆಟ್ ಮೈಕ್ ಕೈಕೊಟ್ಟಾಗ ಯಾವುದು ಮೇಲು? ಐದು ದಾರಿ ಹಿಡಿದು ನೋಡಿದೆ

ಶನಿವಾರ ರಾತ್ರಿ ನಾವು ಐದು ಜನ ಗೆಳೆಯರು ವ್ಯಾಲರಂಟ್ ಅನ್ನುವ ಆನ್‌ಲೈನ್ ಗೇಮ್ ಆಡುತ್ತೇವೆ. ಒಬ್ಬ ಹುಬ್ಬಳ್ಳಿಯಲ್ಲಿದ್ದಾನೆ, ಒಬ್ಬ ದಾವಣಗೆರೆಯಲ್ಲಿ, ಉಳಿದ ಮೂವರು ಬೆಂಗಳೂರಿನ ಮೂರು ಮೂಲೆಗಳಲ್ಲಿ. ವಾರಕ್ಕೊಮ್ಮೆ ಎಲ್ಲರೂ ಮಾತಿಗೆ ಸಿಗುವುದು ಅಲ್ಲೇ. ಹೊಸ ಕಂಪ್ಯೂಟರ್ ಜೋಡಿಸಿಕೊಂಡ ಮೊದಲ ಶನಿವಾರ ನನ್ನ ದನಿ ಯಾರಿಗೂ ಕೇಳಲಿಲ್ಲ. ನನಗೆ ಮಾತ್ರ ಎಲ್ಲರ ಮಾತೂ ಚೆನ್ನಾಗಿ ಕೇಳುತ್ತಿತ್ತು. "ಏನಲೇ, ಸುಮ್ನ ಯಾಕ ಕುಂತಿ?" ಅಂತ ಹುಬ್ಬಳ್ಳಿಯವನು ಕೇಳುತ್ತಲೇ ಇದ್ದ.

ಹೆಡ್‌ಸೆಟ್ ಒಂದೂವರೆ ವರ್ಷ ಹಳೆಯದು. ಮೈಕ್ ಹೋಯ್ತು ಅಂದುಕೊಂಡು ಹೊಸದನ್ನು ಕಾರ್ಟ್‌ಗೂ ಹಾಕಿದ್ದೆ. ಆಮೇಲೆ ಎರಡೂವರೆ ಸಾವಿರ ಸುಮ್ನೆ ಯಾಕೆ ಕಳೆಯಬೇಕು ಅನ್ನಿಸಿತು. ಮುಂದಿನ ಒಂದು ತಿಂಗಳು ಬೇರೆ ಬೇರೆ ದಾರಿಗಳನ್ನು ಒಂದೊಂದಾಗಿ ಹಿಡಿದು ನೋಡಿದೆ. ಪ್ರತಿ ಸಲವೂ ಅದೇ ಕೋಣೆ, ಅದೇ ಕುರ್ಚಿ, ಅದೇ ಎರಡು ಮಾತು. "ತರೀಕೆರೆ ಕೆರೆ ಏರಿ ಮೇಲೆ ಮೂರು ಕರಿ ಕುರಿಮರಿ ಮೇಯ್ತಿತ್ತು" ಅನ್ನುವುದು ಒಂದು. "ಕಪ್ಪು ಕುಂಕುಮ, ಕೆಂಪು ಕುಂಕುಮ" ಅನ್ನುವುದು ಇನ್ನೊಂದು. ಮೊದಲನೆಯದರಲ್ಲಿ ಅಕ್ಷರಗಳು ಎಷ್ಟು ಬಿಡಿಬಿಡಿಯಾಗಿ ಕೇಳುತ್ತವೆ ಅಂತ ಗೊತ್ತಾಗುತ್ತದೆ. ಎರಡನೆಯದರಲ್ಲಿ 'ಪ' ಬಂದಾಗಲೆಲ್ಲ ಬಾಯಿಯ ಗಾಳಿ ಮೈಕ್‌ಗೆ ಬಡಿಯುತ್ತದಾ ಅಂತ ತಿಳಿಯುತ್ತದೆ. ಎಲ್ಲವನ್ನೂ ಆಡಾಸಿಟಿ ಅನ್ನುವ ರೆಕಾರ್ಡಿಂಗ್ ಸಾಫ್ಟ್‌ವೇರ್‌ನಲ್ಲಿ ರೆಕಾರ್ಡ್ ಮಾಡಿಟ್ಟೆ.

ದುಡ್ಡು ಬಿಚ್ಚುವ ಮೊದಲು

ಯಾವ ದಾರಿ ಹಿಡಿಯಬೇಕು ಅನ್ನುವುದಕ್ಕಿಂತ ಮೊದಲು ದನಿ ಎಲ್ಲಿ ನಿಂತುಹೋಗಿದೆ ಅಂತ ನೋಡಬೇಕು. ಅದಕ್ಕೆ ಐದು ನಿಮಿಷ ಸಾಕು.

3.5 ಎಂಎಂ ತೂತು ಇರುವ ಒಂದು ಫೋನಿಗೆ ಹೆಡ್‌ಸೆಟ್ ಚುಚ್ಚಿ, ವಾಯ್ಸ್ ರೆಕಾರ್ಡರ್ ತೆರೆಯಿರಿ. ಮಾತಾಡುವ ಬದಲು ಮೈಕ್‌ನ ಸ್ಪಂಜಿನ ಮೇಲೆ ಉಗುರಿನಿಂದ ಮೆಲ್ಲಗೆ ಕೆರೆಯಿರಿ. ಆಮೇಲೆ ಫೋನಿನ ಕೆಳತುದಿಯನ್ನು ಕೆರೆಯಿರಿ. ಯಾವ ಕೆರೆತ ಜೋರಾಗಿ ಕೇಳುತ್ತದೋ ಆ ಮೈಕ್ ಕೆಲಸ ಮಾಡುತ್ತಿದೆ. ಬರೀ ಮಾತಾಡಿ ನೋಡಿದರೆ ಫೋನಿನ ಸ್ವಂತ ಮೈಕ್ ನಮ್ಮನ್ನು ಏಮಾರಿಸುತ್ತದೆ. ಹೆಡ್‌ಸೆಟ್ ಸರಿಯಾಗಿದೆ ಅಂದುಕೊಂಡುಬಿಡುತ್ತೇವೆ. ಫೋನಿನಲ್ಲಿ ತೂತು ಇಲ್ಲದಿದ್ದರೆ ಪಿಎಸ್5 ಅಥವಾ ಎಕ್ಸ್‌ಬಾಕ್ಸ್ ಕಂಟ್ರೋಲರ್ ಆದರೂ ನಡೆಯುತ್ತದೆ.

ವೈರಿನ ಮೇಲಿನ ಮ್ಯೂಟ್ ಬಟನ್ನು, ಮೇಲಕ್ಕೆತ್ತಿದರೆ ಮ್ಯೂಟ್ ಆಗುವ ಮೈಕ್ ಕಡ್ಡಿ, ಬಿಚ್ಚಿ ಹಾಕುವ ಮೈಕ್ ಆದರೆ ಅದರ ಬುಡ, ಇಷ್ಟನ್ನೂ ಒಮ್ಮೆ ಒತ್ತಿ ತಿರುಗಿಸಿ ನೋಡಿ. ಬಿಚ್ಚಿ ಹಾಕುವ ಮೈಕ್‌ಗಳು ಟಕ್ ಅನ್ನುವವರೆಗೂ ಒಳಗೆ ಹೋಗಬೇಕು.

ನನ್ನ ಹೆಡ್‌ಸೆಟ್ ಫೋನಿನಲ್ಲಿ ಸರಿಯಾಗಿಯೇ ಇತ್ತು. ಅಂದರೆ ತಪ್ಪು ಕಂಪ್ಯೂಟರ್ ಕಡೆ. ವಿಂಡೋಸ್‌ನಲ್ಲಿ ಪ್ರೈವಸಿ ಅಂಡ್ ಸೆಕ್ಯುರಿಟಿಗೆ ಹೋಗಿ ಮೈಕ್ರೋಫೋನ್ ಪುಟ ತೆರೆದೆ. ಅಲ್ಲಿ ಡೆಸ್ಕ್‌ಟಾಪ್ ಆ್ಯಪ್‌ಗಳಿಗೆ ಮೈಕ್ ಬಳಸಲು ಬಿಡುವ ಸ್ವಿಚ್ ಪುಟದ ಕೆಳಗಡೆ ಬೇರೆಯಾಗಿ ಇರುತ್ತದೆ. ಗೇಮ್‌ಗೂ ನಾವು ಮಾತಾಡಲು ಬಳಸುವ ಡಿಸ್ಕಾರ್ಡ್ ಆ್ಯಪ್‌ಗೂ ಬೇಕಾದ್ದು ಅದೇ. ಅದು ಆನ್ ಇತ್ತು. ಡಿಸ್ಕಾರ್ಡ್‌ನಲ್ಲಿ ಇನ್‌ಪುಟ್ ಡಿವೈಸ್ ಕೂಡ ಸರಿಯಾಗಿತ್ತು. ಆದರೂ ದನಿ ಬರುತ್ತಿದೆಯಾ ಅಂತ ತೋರಿಸುವ ಮೀಟರ್ ಅಲುಗಲಿಲ್ಲ.

ಆಗ ಪಿನ್ ಹೊರತೆಗೆದು ನೋಡಿದೆ. ಅದರ ಮೇಲೆ ಮೂರು ಕಪ್ಪು ಗೆರೆ ಇದ್ದವು. ಕಾರಣ ಅಲ್ಲೇ ಇತ್ತು.

ಮೂರು ಗೆರೆ, ಎರಡು ಗೆರೆ

ಮೂರು ಗೆರೆ ಅಂದರೆ ಪಿನ್ನಿನಲ್ಲಿ ನಾಲ್ಕು ತುಂಡು ಲೋಹ. ತುದಿಯಲ್ಲಿ ಎಡ ಕಿವಿ, ಆಮೇಲೆ ಬಲ ಕಿವಿ, ಆಮೇಲೆ ಗ್ರೌಂಡ್ (ಎಲ್ಲಕ್ಕೂ ಸೇರಿದ ವಾಪಸು ದಾರಿ), ಕೊನೆಗೆ ಬುಡದಲ್ಲಿ ಮೈಕ್. ಇದಕ್ಕೆ ಸಿಟಿಐಎ ಜೋಡಣೆ ಅಂತ ಹೆಸರು. ಇವತ್ತಿನ ಫೋನು, ಲ್ಯಾಪ್‌ಟಾಪು, ಗೇಮ್ ಕಂಟ್ರೋಲರ್ ಎಲ್ಲವೂ ಹೆಚ್ಚಾಗಿ ಇದನ್ನೇ ಬಳಸುತ್ತವೆ. ಹಳೆಯ ಕೆಲವು ಫೋನುಗಳಲ್ಲಿ ಗ್ರೌಂಡೂ ಮೈಕೂ ಅದಲುಬದಲಾಗಿರುತ್ತಿದ್ದವು. ಅದು ಒಎಂಟಿಪಿ. ಹಾಡು ಹಾಕಿದಾಗ ಹಾಡುಗಾರರ ದನಿ ದೂರ ಹೋಗಿ, ವಾದ್ಯ ಮಾತ್ರ ಟೊಳ್ಳಾಗಿ ಕೇಳಿದರೆ ಈ ಅದಲುಬದಲೇ ಕಾರಣ ಇರಬಹುದು.

ಡೆಸ್ಕ್‌ಟಾಪ್‌ನಲ್ಲಿ ಕಥೆ ಬೇರೆ. ಹಸಿರು ತೂತು ಕಿವಿಗೆ, ಗುಲಾಬಿ ತೂತು ಮೈಕ್‌ಗೆ. ಎರಡೂ ಎರಡು ಗೆರೆಯ ಪಿನ್ನಿಗಾಗಿ ಮಾಡಿದವು. ಮೂರು ಗೆರೆಯ ಪಿನ್ನನ್ನು ಹಸಿರಿಗೆ ಚುಚ್ಚಿದರೆ ಸದ್ದು ಕೇಳುತ್ತದೆ, ಮೈಕ್‌ನ ತಂತಿ ಮಾತ್ರ ಹೋಗಿ ಗ್ರೌಂಡ್‌ಗೆ ತಾಗುತ್ತದೆ. ನಾನು ಎಷ್ಟು ಕೂಗಿದರೂ ಆ ದನಿ ಕಂಪ್ಯೂಟರಿಗೆ ತಲುಪುವ ದಾರಿಯೇ ಇರಲಿಲ್ಲ. ನನ್ನ ಹಳೆಯ ಲ್ಯಾಪ್‌ಟಾಪ್‌ನಲ್ಲಿ ಎರಡೂ ಸೇರಿದ ಒಂದೇ ತೂತು ಇತ್ತು. ಅದಕ್ಕೇ ಒಂದೂವರೆ ವರ್ಷ ಈ ತೊಂದರೆ ಕಂಡಿರಲಿಲ್ಲ.

ವೈ ಕೇಬಲ್: 120 ರೂಪಾಯಿ

ಬೆಂಗಳೂರಿನ ಎಲೆಕ್ಟ್ರಾನಿಕ್ಸ್ ಅಂಗಡಿಗಳ ಬೀದಿ ಎಸ್‌ಪಿ ರೋಡ್‌ಗೆ ಹೋಗಿ ತಂದೆ. ಒಂದು ಕಡೆ ಹೆಡ್‌ಸೆಟ್ ಚುಚ್ಚುವ ತೂತು, ಇನ್ನೊಂದು ಕಡೆ ಎರಡು ಪಿನ್. ಕೊಳ್ಳುವಾಗ ಜೋಪಾನ. ಇದೇ ಥರ ಕಾಣುವ ಇನ್ನೊಂದು ಕೇಬಲ್ ಇದೆ. ಒಂದು ಪಿನ್ನಿಗೆ ಎರಡು ಇಯರ್‌ಫೋನ್ ಹಾಕಿ ಇಬ್ಬರು ಹಾಡು ಕೇಳುವುದಕ್ಕೆ ಅಂತ ಮಾಡಿದ್ದು. ಅದರಲ್ಲಿ ಮೈಕ್ ಬರುವುದಿಲ್ಲ. ಅಂಗಡಿಯಲ್ಲಿ "ಸ್ಪ್ಲಿಟರ್ ಕೊಡಿ" ಅಂದರೆ ಮೊದಲು ಕೈಗೆ ಬರುವುದು ಅದೇ. "ಹೆಡ್‌ಸೆಟ್ ಒಂದು, ಪಿನ್ ಎರಡು, ಮೈಕ್ ಗುರುತು ಇರಬೇಕು" ಅಂತ ಬಿಡಿಸಿ ಹೇಳಿ. ನಿಮ್ಮದು ಎರಡು ಪಿನ್ನಿನ ಹೆಡ್‌ಸೆಟ್ ಆಗಿ, ಲ್ಯಾಪ್‌ಟಾಪ್‌ನಲ್ಲಿ ಒಂದೇ ತೂತು ಇದ್ದರೆ ಬೇಕಾದ್ದು ಇದರ ಉಲ್ಟಾ ಕೇಬಲ್.

ಮೊದಲು ಕ್ಯಾಬಿನೆಟ್‌ನ ಮುಂದಿನ ತೂತುಗಳಿಗೆ ಹಾಕಿದೆ. ದನಿ ಬಂತು. ಜೊತೆಗೆ ಜುಂಯ್ ಅಂತ ಒಂದು ಸದ್ದೂ ಬಂತು. ಗೇಮ್ ಶುರುವಾದಾಗ ಆ ಸದ್ದು ಏರಿತು, ಮೌಸ್ ಆಡಿಸಿದರೆ ಕಿರ್ ಅಂತಿತ್ತು. ಮುಂದಿನ ತೂತುಗಳಿಂದ ಮದರ್‌ಬೋರ್ಡ್‌ವರೆಗೆ ಕ್ಯಾಬಿನೆಟ್ ಒಳಗೆ ತೆಳ್ಳನೆಯ ಉದ್ದ ವೈರ್ ಹೋಗುತ್ತದೆ. ನನ್ನದರಲ್ಲಿ ಅದು ಗ್ರಾಫಿಕ್ಸ್ ಕಾರ್ಡ್‌ನ ಕೆಳಗೇ ಹಾದುಹೋಗಿತ್ತು. ಮೈಕ್‌ನಿಂದ ಬರುವ ವಿದ್ಯುತ್ ತುಂಬಾ ಸಣ್ಣದು. ಅಕ್ಕಪಕ್ಕದ ಗದ್ದಲ ಅದಕ್ಕೆ ಬೇಗ ಅಂಟಿಕೊಳ್ಳುತ್ತದೆ.

ಕ್ಯಾಬಿನೆಟ್ ತಿರುಗಿಸಿ ಹಿಂದಿನ ತೂತುಗಳಿಗೆ ಹಾಕಿದೆ. ಸದ್ದು ಬಹುಪಾಲು ಹೋಯಿತು. ದನಿ ಮಾತ್ರ ಸ್ವಲ್ಪ ಸಣ್ಣಗಿತ್ತು. ವಿಂಡೋಸ್ ಕೀ ಜೊತೆ 'ಆರ್' ಒತ್ತಿ, ಎಂಎಂಎಸ್‌ವೈಎಸ್ ಡಾಟ್ ಸಿಪಿಎಲ್ ಅಂತ ಇಂಗ್ಲಿಷ್ ಅಕ್ಷರಗಳಲ್ಲಿ ಟೈಪ್ ಮಾಡಿದರೆ ಹಳೆಯ ಸೌಂಡ್ ಕಿಟಕಿ ತೆರೆಯುತ್ತದೆ. ಅಲ್ಲಿ ರೆಕಾರ್ಡಿಂಗ್‌ಗೆ ಹೋಗಿ, ಮೈಕ್‌ನ ಪ್ರಾಪರ್ಟೀಸ್‌ನಲ್ಲಿ ಲೆವೆಲ್ಸ್ ನೋಡಿ. ಮೈಕ್ ಬೂಸ್ಟ್ ಅಂತ ಇರುತ್ತದೆ. 10 ಡಿಬಿ ಏರಿಸಿದಾಗ ಹದವಾಯಿತು. 20 ಡಿಬಿಗೆ ಫ್ಯಾನ್ ಸದ್ದು ಎದ್ದಿತು. 30 ಡಿಬಿಯಲ್ಲಿ ನನ್ನ ಉಸಿರೂ ಕೇಳುತ್ತಿತ್ತು.

ಅಗ್ಗದ ಯುಎಸ್‌ಬಿ ಡಾಂಗಲ್: 180 ರೂಪಾಯಿ

ಪೆನ್‌ಡ್ರೈವ್ ಥರ ಇರುತ್ತದೆ, ತುದಿಯಲ್ಲಿ ಎರಡು ತೂತು. ಇದಕ್ಕೂ ವೈ ಕೇಬಲ್ ಬೇಕೇ ಬೇಕು. ಕಂಪ್ಯೂಟರಿನ ಸೌಂಡ್ ಚಿಪ್ ಅಥವಾ ತೂತು ಕೆಟ್ಟಿದ್ದರೆ ಇದು ಒಳ್ಳೆಯ ಊರುಗೋಲು. ಡ್ರೈವರ್ ಹಾಕುವ ಕೆಲಸ ಇಲ್ಲ, ಚುಚ್ಚಿದ ಕೂಡಲೇ ಬರುತ್ತದೆ. ಆದರೆ ನನಗೆ ಸಿಕ್ಕಿದ್ದರಲ್ಲಿ 'ಸ್ಸ್' ಅನ್ನುವ ಸದ್ದು ಬಿಡದೆ ಇತ್ತು. ಕುರಿಮರಿ ಮೇಯುತ್ತಿರುವಾಗ ಹಿಂದೆ ಸಣ್ಣಗೆ ಮಳೆ ಬಂದ ಹಾಗೆ. ದನಿಯ ಗುಣದಲ್ಲಿ ಕ್ಯಾಬಿನೆಟ್‌ನ ಹಿಂದಿನ ತೂತಿಗಿಂತ ಕಡಿಮೆ, ಮುಂದಿನ ತೂತಿಗಿಂತ ಮೇಲು. ಎರಡು ವಾರದ ಮೇಲೆ ತೂತು ಸಡಿಲವಾಗಿ ಕರಕರ ಶುರುವಾಯಿತು.

ಸ್ವಲ್ಪ ಒಳ್ಳೆಯ ಯುಎಸ್‌ಬಿ ಸೌಂಡ್ ಕಾರ್ಡ್: 750 ರೂಪಾಯಿ

ಇದರಲ್ಲಿ ಗೇಣುದ್ದ ವೈರ್ ಇದೆ, ತುದಿಯಲ್ಲಿ ಮೂರು ಗೆರೆಯ ಪಿನ್ನಿಗೆ ಒಂದೇ ತೂತು. ವೈ ಕೇಬಲ್ ಬೇಕಿಲ್ಲ. ಮೊದಲ ರೆಕಾರ್ಡಿಂಗ್ ಕೇಳಿದಾಗ ಹೆಡ್‌ಸೆಟ್ ಬದಲಾಯಿಸಿದ ಹಾಗೆ ಅನ್ನಿಸಿತು. ನಾನು ಸುಮ್ಮನಿದ್ದಾಗ ಹಿಂದೆ ಏನೂ ಇಲ್ಲ. ಬೂಸ್ಟ್ ಏರಿಸುವ ಕೆಲಸವೇ ಬರಲಿಲ್ಲ. ದನಿಯನ್ನು ಅಂಕಿಯಾಗಿ ಮಾಡುವ ಕೆಲಸ ಕ್ಯಾಬಿನೆಟ್‌ನ ಹೊರಗೇ ಮುಗಿಯುತ್ತದೆ. ಒಳಗಿನ ಗದ್ದಲ ಅಂಟಿಕೊಳ್ಳಲು ಜಾಗ ಕಡಿಮೆ.

ಇದಕ್ಕೆ ಒಂದು ಕಿರಿಕಿರಿ ಇದೆ. ವಿಂಡೋಸ್‌ಗೆ ಇದು ಬೇರೆಯೇ ಸಾಧನ. ಡಿಸ್ಕಾರ್ಡ್‌ನಲ್ಲೂ ಗೇಮ್‌ನಲ್ಲೂ ಒಮ್ಮೆ ಇದನ್ನೇ ಆರಿಸಬೇಕು. ಬೇರೆ ಯುಎಸ್‌ಬಿ ತೂತಿಗೆ ಬದಲಾಯಿಸಿದಾಗ ನನ್ನ ಕಂಪ್ಯೂಟರ್ ಅದನ್ನು ಹೊಸದು ಅಂದುಕೊಂಡು, ಸೆಟ್ಟಿಂಗ್ ಮತ್ತೆ ಹಳೆಯದಕ್ಕೆ ಹೋಯಿತು. ಒಂದು ತೂತಿಗೆ ಹಾಕಿ ಅಲ್ಲೇ ಬಿಟ್ಟುಬಿಡಿ. ಇನ್ನೊಂದು ಮಾತು, ಟೈಪ್-ಸಿ ಅಡಾಪ್ಟರ್‌ಗಳಲ್ಲಿ ಕೆಲವಕ್ಕೆ ಬರೀ ಕೇಳುವ ಸೌಲಭ್ಯ ಇರುತ್ತದೆ. ಡಬ್ಬದ ಮೇಲೆ ಮೈಕ್ ಅಂತ ಬರೆದಿದೆಯಾ ನೋಡಿ.

ಕಾಲರ್ ಮೈಕ್

ವಿಡಿಯೋ ಮಾಡಲು ತಮ್ಮ ತಂದಿಟ್ಟಿದ್ದ ಬೋಯಾ ಬಿವೈ-ಎಂ1 ಮನೆಯಲ್ಲಿತ್ತು. ಆರು ಮೀಟರ್ ವೈರ್, ಒಳಗೆ ಎಲ್‌ಆರ್44 ಸೆಲ್. ಕಂಪ್ಯೂಟರಿಗೆ ಹಾಕುವಾಗ ಸ್ವಿಚ್ಚನ್ನು ಕ್ಯಾಮೆರಾ ಕಡೆಗಿಟ್ಟು, ವೈ ಕೇಬಲ್ ಮೂಲಕವೇ ಹಾಕಿದೆ. ದನಿಯ ಗುಣಕ್ಕೆ ಬಂದರೆ ಇದರ ಮುಂದೆ ಯಾವುದೂ ನಿಲ್ಲುವುದಿಲ್ಲ. ತುಂಬು ದನಿ, ಎದುರಿಗೆ ಕೂತು ಮಾತಾಡಿದ ಹಾಗೆ.

ಆದರೆ ಇದು ಎಲ್ಲ ದಿಕ್ಕಿನಿಂದಲೂ ಸದ್ದು ಹೀರುತ್ತದೆ. ಸೀಲಿಂಗ್ ಫ್ಯಾನ್ ಹಾಕಿದೊಡನೆ ಬಣ್ಣ ಬದಲಾಯಿತು. ಫ್ಯಾನು, ಕೀಬೋರ್ಡಿನ ಟಕಟಕ, ಅಡುಗೆಮನೆಯ ಕುಕ್ಕರ್ ಸೀಟಿ, ಎಲ್ಲವೂ ನನ್ನ ಜೊತೆ ಆಟಕ್ಕೆ ಬಂದವು. ಡಿಸ್ಕಾರ್ಡ್‌ನ ನಾಯ್ಸ್ ಸಪ್ರೆಶನ್ ಆನ್ ಮಾಡಿದರೆ ಸೀಟಿ ಹೋಗುತ್ತದೆ, ಆದರೆ ಮೆಲ್ಲಗೆ ಹೇಳಿದ ಮಾತಿನ ಬಾಲವನ್ನೂ ಅದು ನುಂಗುತ್ತದೆ. ಹೆಡ್‌ಸೆಟ್ ಮೈಕ್ ಬಾಯಿಂದ ಎರಡು ಬೆರಳು ದೂರ ಇರುತ್ತದೆ. ಆ ಹತ್ತಿರವೇ ಅದರ ಬಲ. ಏಪ್ರಿಲ್ ತಿಂಗಳಲ್ಲಿ ಫ್ಯಾನ್ ಆರಿಸಿ ಆಡುವುದು ಆಗದ ಮಾತು, ಅಲ್ವಾ?

ಫೋನಿನಿಂದಲೇ ಡಿಸ್ಕಾರ್ಡ್‌ಗೆ ಸೇರಿ ಮಾತಾಡುವುದನ್ನೂ ಒಂದು ರಾತ್ರಿ ಮಾಡಿದೆ. ಖರ್ಚಿಲ್ಲ. ಆದರೆ ಗೆಳೆಯರ ದನಿ ಫೋನಲ್ಲಿ, ಗೇಮಿನ ಹೆಜ್ಜೆ ಸಪ್ಪಳ ಹೆಡ್‌ಸೆಟ್‌ನಲ್ಲಿ. ತುರ್ತಿಗೆ ಮಾತ್ರ ಸರಿ.

ಸೋಲ್ಡರ್ ಮಾಡಿಸುವುದು

ಇದನ್ನು ಹಿಡಿದವನು ದಾವಣಗೆರೆಯ ಗೆಳೆಯ. ಅವನ ಮೈಕ್ ಬಂದು ಹೋಗಿ ಮಾಡುತ್ತಿತ್ತು. ಪಿನ್ನಿನ ಹತ್ತಿರ ವೈರ್ ಬಗ್ಗಿಸಿದರೆ ದನಿ, ಬಿಟ್ಟರೆ ಇಲ್ಲ. ಒಳಗೆ ತಂತಿ ತುಂಡಾಗಿದೆ ಅನ್ನಲು ಇದಕ್ಕಿಂತ ಗುರುತು ಬೇಡ. ಇಂಥ ಕಡೆ ಯಾವ ಸೌಂಡ್ ಕಾರ್ಡ್ ತಂದರೂ ದುಡ್ಡು ದಂಡ. ಮೊಬೈಲ್ ರಿಪೇರಿ ಅಂಗಡಿಯಲ್ಲಿ ವೈರ್ ಕತ್ತರಿಸಿ ಹೊಸ ಪಿನ್ ಹಾಕಿಸಿದ, 150 ರೂಪಾಯಿ. ಹಾಕುವ ಪಿನ್ನಿಗೂ ಮೂರು ಗೆರೆ ಇರಬೇಕು ಅಂತ ಮೊದಲೇ ಹೇಳಿ ಕಳಿಸಿದ್ದೆ. ಈ ವೈರಿನ ತಂತಿಗಳಿಗೆ ಬಣ್ಣದ ಲೇಪನ ಇರುತ್ತದೆ. ಅದನ್ನು ಸುಟ್ಟು ತೆಗೆಯದೆ ಸೋಲ್ಡರ್ ಹಿಡಿಯುವುದಿಲ್ಲ. ಕೈ ಪಳಗಿದವರಿಗೆ ಅದು ಗೊತ್ತಿರುತ್ತದೆ.

ಫ್ಯಾನ್ ಹಾಕಿ, ಫ್ಯಾನ್ ಆರಿಸಿ

ತಿಂಗಳ ಕೊನೆಗೆ ರೆಕಾರ್ಡಿಂಗ್‌ಗಳಿಗೆ ಬರೀ ನಂಬರ್ ಹಾಕಿ ನಾಲ್ವರಿಗೂ ಕಳಿಸಿದೆ. ಫ್ಯಾನ್ ಆರಿಸಿದ್ದರಲ್ಲಿ ನಾಲ್ವರೂ ಕಾಲರ್ ಮೈಕನ್ನೇ ಮೇಲೆ ಇಟ್ಟರು. ಫ್ಯಾನ್ ಹಾಕಿದ್ದರಲ್ಲಿ ಮೂವರು 750ರ ಸೌಂಡ್ ಕಾರ್ಡ್ ಆರಿಸಿದರು, ಒಬ್ಬ ಹಿಂದಿನ ತೂತಿನ ವೈ ಕೇಬಲ್ ಆರಿಸಿದ. ಮುಂದಿನ ತೂತನ್ನು ಯಾರೂ ಮುಟ್ಟಲಿಲ್ಲ.

ನಿಮ್ಮ ಡೆಸ್ಕ್‌ಟಾಪ್‌ನ ಹಿಂದಿನ ತೂತುಗಳು ಸರಿಯಾಗಿದ್ದರೆ ಮೊದಲು 120 ರೂಪಾಯಿ ಖರ್ಚು ಮಾಡಿ, ಸಾಕು ಅನ್ನಿಸಿದರೆ ಅಲ್ಲೇ ನಿಲ್ಲಿ. ಜುಂಯ್ ಸದ್ದು ಹೋಗದಿದ್ದರೆ ಸೌಂಡ್ ಕಾರ್ಡ್ ತನ್ನಿ. ನಡುವಿನ 180 ರೂಪಾಯಿಯದನ್ನು ನಾನು ಮತ್ತೆ ಕೊಳ್ಳುವುದಿಲ್ಲ.

ಒಂದು ಸಂಗತಿ ಮಾತ್ರ ಈ ಯಾವುದಕ್ಕೂ ಬಗ್ಗಲಿಲ್ಲ. ಊರಿನ ಮನೆಯಲ್ಲಿ ತಮ್ಮನ ಲ್ಯಾಪ್‌ಟಾಪ್ ಚಾರ್ಜ್‌ಗೆ ಹಾಕಿದಾಗಲೆಲ್ಲ ಮೈಕ್‌ನಲ್ಲಿ ಗುಂಯ್ ಅನ್ನುತ್ತಿತ್ತು. ಚಾರ್ಜರ್ ತೆಗೆದರೆ ನಿಲ್ಲುತ್ತಿತ್ತು. ಸೌಂಡ್ ಕಾರ್ಡ್ ಹಾಕಿದರೂ ಸದ್ದು ಅರ್ಧಕ್ಕಿಳಿಯಿತು, ಅಷ್ಟೇ. ಲ್ಯಾಪ್‌ಟಾಪ್‌ನ ಲೋಹದ ಅಂಚು ಮುಟ್ಟಿದರೆ ಸಣ್ಣಗೆ ಜುಮ್ ಅನ್ನುತ್ತಿತ್ತು. ಎಲೆಕ್ಟ್ರಿಷಿಯನ್ ಬಂದು ನೋಡಿದಾಗ ಆ ಮೂರು ಪಿನ್ನಿನ ಸಾಕೆಟ್‌ಗೆ ಅರ್ಥಿಂಗ್ ವೈರೇ ಎಳೆದಿರಲಿಲ್ಲ. ಅದನ್ನು ಸರಿಮಾಡಿಸಿದ ಸಂಜೆ ತಮ್ಮ ಫೋನ್ ಮಾಡಿದ. "ಅಣ್ಣಾ, ಚಾರ್ಜ್‌ಗೆ ಹಾಕೇ ಮಾತಾಡ್ತಿದೀನಿ, ಕೇಳು" ಅಂದ. ಆಮೇಲೆ ಕರಿ ಕುರಿಮರಿಯಿಂದ ಕೆಂಪು ಕುಂಕುಮದವರೆಗೂ ಒಂದೇ ಉಸಿರಿಗೆ ಹೇಳಿ ಮುಗಿಸಿದ. ಹಿಂದೆ ಗುಂಯ್ ಸದ್ದು ಇರಲಿಲ್ಲ.